ಹದ್ದು ಗಿಡುಗಗಳನ್ನು ಗುರುತಿಸುವ ಬಗೆ

ನಮ್ಮ ಪಾಠಶಾಲೆಯಲ್ಲಿ ಕಲಿತು ಹೋದ ಪ್ರತಿಯೊಬ್ಬಳಿಗೂ ಅಂಗಳದ ಮೂಲೆಯ ಹಲಸಿನ ಮರದ ಜ್ಞಾಪಕವಿರುವುದು. ಮಧ್ಯಾಹ್ನದಲ್ಲಿ ಅದರ ನೆರಳಿನಲ್ಲಿ ಬುತ್ತಿ ಬಿಚ್ಚಿದಾಗ ಮೇಲಿನಿಂದ ಎರಗಿ ಮೀನಿನ ತುಂಡನ್ನು ಕಸಿದುಕೊಂಡು ಹೋದ ಪಕ್ಷಿಯ ಜ್ಞಾಪಕವೂ ಕೆಲವರಿಗೆ ಇದ್ದೀತು. ಅದು ಯಾವ ಪಕ್ಷಿಯೆಂದು ಕೇಳಿದರೆ ಎಲ್ಲರೂ ಏಕಸ್ವರದಿಂದ ‘ಹದ್ದು’ ಎನ್ನುವರು. ಆ ಉತ್ತರವು ಸರಿಯೇ. ಆದರೆ ಪದವಿನ ಮೇಲೆ ಗಾಳಿಯಲ್ಲಿ ನಿಂತಿರುವುದನ್ನೂ, ತೋಟದ ಕೊಂಬೆಯಲ್ಲಿ ಅಡಗಿ ಕುಳಿತಿರುವುದನ್ನೂ, ಘಟ್ಟದ ಕಾಡಿನ ಮೇಲೆ ಸುತ್ತುತ್ತಿರುವುದನ್ನೂ ಹದ್ದೆಂದೇ ಕರೆಯುವುದು ಸರಿಯಲ್ಲ. ನಮ್ಮ ಭಾಷೆಯು ಈ ವಿಷಯದಲ್ಲಿ ಬಡವಾದುದಲ್ಲ. ಹದ್ದು, ಗರುಡ, ಗಿಡುಗ, ಬಿಜ್ಜು, ಡೇಗೆ, ಚಾಣ ಎಂಬ ಹೆಸರುಗಳೆಲ್ಲ ಅದರಲ್ಲಿವೆ. ವಿಜಯನಗರವನ್ನಾಳಿದ ಸಾಳುವ ವಂಶದ ಹೆಸರಿಗೂ ಬೇಟೆಯ ಗಿಡುಗವೆಂದೇ ಅರ್ಥ. ಇಂಥ ಪಕ್ಷಿಗಳನ್ನು ಒಂದರಿಂದೊಂದನ್ನು ಬೇರ್ಪಡಿಸಿ ಗುರುತಿಸುವುದು ಹೇಗೆಂಬುದನ್ನು ಇಲ್ಲಿ ಬರೆಯುತ್ತೇವೆ. ಹೀಗೆ ಬರೆಯಲು ಬೇರೊಂದು ಕಾರಣವೂ ಉಂಟು. ಅದನ್ನು ಕಡೆಯಲ್ಲಿ ಹೇಳುವೆವು.

ಮೊದಲು ತಿಳಿಯತಕ್ಕದ್ದೇನೆಂದರೆ, ಬಣ್ಣವನ್ನು ನಂಬಬಾರದು. ಎತ್ತರದಲ್ಲಿ ಹಾರುವ ಪಕ್ಷಿಯು ಬೆಳಕಿಗೆ ಅಡ್ಡವಾಗಿರುವುದರಿಂದ ಬರಿಯ ಕಪ್ಪು ನೆರಳಾಗಿ ತೋರುವುದು. ಅದಲ್ಲದೆ ಈ ಜಾತಿಗಳಲ್ಲಿ ಮರಿಯ ಬಣ್ಣವೇ ಬೇರೆ, ಬೆಳೆದ ಹಕ್ಕಿಯ ಬಣ್ಣವೇ ಬೇರೆ. ಮಂಗಳೂರಿನ ಬಂದರಿನ ಧಕ್ಕೆಗೆ ಹೋಗಿ ನೋಡಿದವರಿಗೆ ಇದು ಚೆನ್ನಾಗಿ ತಿಳಿಯುವುದು. ಮೀನಿನ ದೋಣಿಗಳು ಬಂದೊಡನೆ ಅಲ್ಲಿ ಎರಡು ಜಾತಿಯ ಪಕ್ಷಿಗಳು ಕೂಡುವುವು. ಒಂದು ಸುಮಾರು 60 ಸೆಂಟಿಮೀಟರ್ ಉದ್ದದ, ಮೈಯೆಲ್ಲ ಕಂದಾದ ಸಾಮಾನ್ಯ ಹದ್ದು. ಇನ್ನೊಂದು ಅದಕ್ಕಿಂತ ಚಿಕ್ಕದಾದ, ತಲೆಯೂ ಎದೆಯೂ ಬೆಳ್ಳಗಿದ್ದು ಉಳಿದ ಮೈ ಇಟ್ಟಿಗೆಗೆಂಪಾದ ಗರುಡ. ಇವೆರಡನ್ನು ಬೇರ್ಪಡಿಸಲು ಕಷ್ಟವೇನೆಂದು ನೀವು ಕೇಳಬಹುದು. ಕಷ್ಟವಿರುವುದು ಗರುಡನ ಮರಿಯಲ್ಲಿ. ಅದಕ್ಕೆ ಬಿಳಿಯೂ ಇಲ್ಲ, ಕೆಂಪೂ ಇಲ್ಲ, ಹದ್ದಿನಂತೆಯೇ ಕಂದು. ಆಗ ಬಾಲವನ್ನು ನೋಡಬೇಕು. ಹದ್ದಿನ ಬಾಲದ ತುದಿಯು ನಡುವೆ ತಗ್ಗಿ ಕವಲಾಗಿರುವುದು. ಗರುಡನ ಬಾಲವು ಬೀಸಣಿಗೆಯಂತೆ ದುಂಡಗಿರುವುದು. ಆದರೆ ಹದ್ದು ಬಾಲವನ್ನು ಪೂರ್ತಿಯಾಗಿ ಹರಡಿ ತಿರುಗಿದಾಗ ಆ ಕವಲು ಕಾಣದೆ ಹೋಗುವುದರಿಂದ, ಒಂದೇ ನೋಟಕ್ಕೆ ತೀರ್ಮಾನ ಮಾಡದೆ, ಅದು ಬಾಲವನ್ನು ಮಡಿಸುವವರೆಗೆ ಕಾಯತಕ್ಕದ್ದು. ಕಾಯುವುದೇ ಈ ವಿದ್ಯೆಯಲ್ಲಿ ಅರ್ಧ ಭಾಗ. ನಮ್ಮ ಚಿಕ್ಕ ತರಗತಿಯ ಮಕ್ಕಳು ಇದನ್ನು ಬೇಗ ಕಲಿಯುತ್ತಾರೆ. ದೊಡ್ಡವರಿಗೇ ತಾಳ್ಮೆ ಸಾಲದು.

ಬಾಲದ ತರುವಾಯ ರೆಕ್ಕೆ. ಗಿಡುಗದ ರೆಕ್ಕೆಯು ಗಿಡ್ಡಾಗಿಯೂ ತುದಿಯಲ್ಲಿ ದುಂಡಾಗಿಯೂ ಇದ್ದು ಬಾಲವು ಉದ್ದವಾಗಿರುವುದು. ಮರಗಳ ಸಂದಿಯಲ್ಲಿ ನುಗ್ಗಿ ತಟ್ಟನೆ ತಿರುಗಿ ಬೇಟೆಯಾಡುವ ಪಕ್ಷಿಗೆ ಅದೇ ತಕ್ಕ ಅಂಗರಚನೆ. ಬಯಲಿನಲ್ಲಿ ವೇಗವಾಗಿ ಹಾರುವ ಡೇಗೆಯ ರೆಕ್ಕೆಯಾದರೋ ಉದ್ದವಾಗಿ, ಕುಡುಗೋಲಿನಂತೆ ಬಾಗಿ, ತುದಿಯಲ್ಲಿ ಚೂಪಾಗಿರುವುದು. ಇವೆರಡನ್ನು ಹಿಂದಿನವರು ಹತ್ತಿರದ ಬಂಧುಗಳೆಂದು ಎಣಿಸಿದ್ದರು. ಆದರೆ ಪಕ್ಷಿಗಳ ವಂಶವಾಹಿಗಳನ್ನು ಹೋಲಿಸಿ 2008ರಲ್ಲಿ ಪ್ರಕಟವಾದ ಸಂಶೋಧನೆಯ ಪ್ರಕಾರ, ಡೇಗೆಗಳು ಗಿಡುಗಗಳಿಗಿಂತ ಗಿಳಿಗಳಿಗೆ ಹೆಚ್ಚು ಹತ್ತಿರದವು. ಕೊಕ್ಕೆಯಂತಹ ಕೊಕ್ಕೂ ಉಗುರೂ ಇದ್ದ ಮಾತ್ರಕ್ಕೆ ಒಂದೇ ಮನೆತನವಾಗಲಿಲ್ಲ.

ಮೂರನೆಯದು ಹಾರುವ ರೀತಿ. ಚಳಿಗಾಲದಲ್ಲಿ ಪದವುಗಳ ಹುಲ್ಲಿನ ಮೇಲೆ ಒಂದು ಪಕ್ಷಿಯು ನೂಲಿನಿಂದ ತೂಗಹಾಕಿದಂತೆ ನಿಂತಲ್ಲಿಯೇ ರೆಕ್ಕೆ ಬಡಿಯುತ್ತಿದ್ದರೆ ಅದು ಬಹುಶಃ ಚಾಣ. ಡೇಗೆಯ ಕುಲದ್ದು, ಬೆನ್ನು ಇಟ್ಟಿಗೆಯ ಬಣ್ಣ, ಬಾಲ ಉದ್ದ. ‘ಬಹುಶಃ’ ಎಂದು ಏಕೆ ಬರೆದೆವೆಂದರೆ, ಕಪ್ಪು ಹೆಗಲಿನ ಚಿಕ್ಕ ಹದ್ದು ಸಹ ಹಾಗೆಯೇ ನಿಲ್ಲುವುದು. ಅದು ಬೂದಿ ಮತ್ತು ಬಿಳಿಯ ಬಣ್ಣದ್ದು, ಬಾಲ ಗಿಡ್ಡು, ಕಣ್ಣು ಕೆಂಪು. ಘಟ್ಟದ ಕಡೆಗೆ ಪ್ರಯಾಣ ಮಾಡುವವರು ಕಾಡಿನ ಮೇಲೆ ಅಗಲವಾದ ರೆಕ್ಕೆಗಳನ್ನು ಚಾಚಿ ಸುತ್ತುತ್ತ ಗಟ್ಟಿಯಾಗಿ ಕೂಗುವ ದೊಡ್ಡ ಪಕ್ಷಿಯನ್ನು ಕಂಡರೆ ರೆಕ್ಕೆಯ ಕೆಳಗಡೆ ನೋಡಲಿ. ಹಿಂಬದಿಯ ಅಂಚಿನುದ್ದಕ್ಕೂ ಬಿಳಿಯ ಪಟ್ಟಿಯಿದ್ದರೆ ಅದು ಹಾವುಗಳನ್ನು ಹಿಡಿದು ತಿನ್ನುವ ಜುಟ್ಟಿನ ಹದ್ದು.

ಈಗ ಬಿಜ್ಜುವಿನ ವಿಷಯ. ಮನೆಯ ಹಿತ್ತಿಲಿಗೆ ಬರುವ ಗಿಡುಗವು ಇದೇ. ಪಾರಿವಾಳದಷ್ಟೇ ಗಾತ್ರ, ಹೆಣ್ಣು ಗಂಡಿಗಿಂತ ದೊಡ್ಡದು. ಬೆನ್ನು ಬೂದಿಯ ಬಣ್ಣ. ಎದೆಯ ಮೇಲೆ ಕೆಂಗಂದಾದ ಅಡ್ಡಗೀರುಗಳು. ಮರಿಯಾದರೆ ಎದೆಯ ಗೀರುಗಳು ಉದ್ದುದ್ದವಾಗಿರುವುವು. ನಾಲ್ಕಾರು ಸಲ ಬೇಗಬೇಗನೆ ರೆಕ್ಕೆ ಬಡಿದು, ಅನಂತರ ತೇಲಿ, ನೆಲದ ಸಮೀಪದಲ್ಲಿ ಬಂದು ಥಟ್ಟನೆ ಮೇಲೇರಿ ಕೊಂಬೆಯಲ್ಲಿ ಕೂಡುವುದು. ಓತಿಕ್ಯಾತ, ಇಲಿ, ಅಳಿಲು, ಚಿಕ್ಕ ಹಕ್ಕಿಗಳು ಅದರ ಆಹಾರ. ಅದು ಬಂದಿತೆಂದರೆ ಅಳಿಲುಗಳು ಕಿರಿಚುವುವು, ಹರಟೆಮಲ್ಲ ಹಕ್ಕಿಗಳು ಪೊದೆಗೆ ನುಗ್ಗುವುವು. ಇಷ್ಟನ್ನು ನಾವು ಅನೇಕ ವರ್ಷಗಳಿಂದ ಬೋಧಿಸುತ್ತ ಬಂದೆವು, ಮತ್ತು ಇಷ್ಟು ಸಾಕೆಂದು ತಿಳಿದಿದ್ದೆವು.

2014ರ ಡಿಸೆಂಬರ್ ತಿಂಗಳಲ್ಲಿ ಒಂಬತ್ತನೆಯ ತರಗತಿಯವರಿಗೆ ಹಕ್ಕಿಗಳನ್ನು ನೋಡಿ ಬರೆಯುವ ಅಭ್ಯಾಸವನ್ನು ಕೊಟ್ಟಿದ್ದೆವು. ಆ ದಿನಗಳಲ್ಲಿ ಹಲಸಿನ ಮರಕ್ಕೆ ಬೂದಿಬೆನ್ನಿನ, ಗೀರೆದೆಯ, ಪಟ್ಟೆಬಾಲದ ಒಂದು ಹಕ್ಕಿಯು ಬರುತ್ತಿತ್ತು. ಹರಟೆಮಲ್ಲಗಳು ಬೆದರಿದುವು, ಹಾರಾಟವೂ ಹೇಳಿದಂತೆಯೇ ಇತ್ತು. ನಾವು ಕಿಟಕಿಯಿಂದಲೇ ನೋಡಿ ಬಿಜ್ಜುವೆಂದೆವು. ಮೂವತ್ತೆಂಟು ಮಂದಿ ಹುಡುಗಿಯರೂ ಹಾಗೆಯೇ ಬರೆದರು. ಒಬ್ಬಳು ಮಾತ್ರ ಬೇರೆ ಬರೆದಳು. ಆ ಹಕ್ಕಿಯು ಕಂಬಳಿಹುಳುವನ್ನು ತಿಂದಿತೆಂದೂ, ಕೊಕ್ಕು ಹೆಚ್ಚು ಬಾಗಿಲ್ಲವೆಂದೂ, ಕುಳಿತಾಗ ರೆಕ್ಕೆಗಳು ಜೋಲುವುವೆಂದೂ, ಕೂತೊಡನೆ ಬಾಲವನ್ನು ಅತ್ತಿತ್ತ ಆಡಿಸುವುದೆಂದೂ ಬರೆದು, ಕೊನೆಯಲ್ಲಿ ‘ಬಿಜ್ಜು ಅಲ್ಲ, ಹೆಸರು ತಿಳಿಯಲಿಲ್ಲ’ ಎಂದು ಸೇರಿಸಿದ್ದಳು. ನಾವು ಕೆಂಪು ಶಾಯಿಯಿಂದ ಅಡ್ಡಗೆರೆ ಎಳೆದು ‘ತಪ್ಪು’ ಎಂದು ಬರೆದೆವು. ಅವಳು ಬಂದು, “ಟೀಚರ್, ತಾವು ಒಮ್ಮೆ ಮರದ ಕೆಳಗೆ ಬಂದು ನೋಡಬಹುದೇ?” ಎಂದು ಕೇಳಿದಳು. ಪರೀಕ್ಷೆಯ ಕೆಲಸವಿದೆಯೆಂದು ಕಳುಹಿಸಿಬಿಟ್ಟೆವು.

ಬರುವ ಏಪ್ರಿಲಿನ ರಜೆಯಲ್ಲಿ, ಪಾಠಶಾಲೆ ಬರಿದಾಗಿದ್ದಾಗ, ಒಂದು ರಾತ್ರಿ ಆ ಮರದಿಂದ ಕೂಗು ಕೇಳಿಸಿತು. ಮೂರು ಸ್ವರ, ಮತ್ತೆ ಮೂರು, ಇನ್ನಷ್ಟು ಏರಿ, ಕೇಳುವವರ ತಲೆ ಸಿಡಿಯುವಷ್ಟು ಮೇಲೇರಿ ತಟ್ಟನೆ ನಿಂತಿತು. ಇಂಗ್ಲಿಷರು ಬ್ರೈನ್ ಫೀವರ್ ಹಕ್ಕಿಯೆಂದು ಹೆಸರಿಟ್ಟದ್ದು ಇದನ್ನೇ. ಬೆಳಗ್ಗೆ ದುರ್ಬೀನು ಹಿಡಿದು ಮರದ ಕೆಳಗೆ ನಿಂತೆವು. ಅದೇ ಬೂದಿಬೆನ್ನು, ಅದೇ ಗೀರೆದೆ. ಕಣ್ಣಿನ ಸುತ್ತ ಹಳದಿಯ ಬಳೆ. ಕಾಲು ಗಿಡ್ಡು, ಬೆರಳು ಎರಡು ಮುಂದಕ್ಕೆ, ಎರಡು ಹಿಂದಕ್ಕೆ. ಅದು ಗಿಡುಗದ ವೇಷದ ಕೋಗಿಲೆ. ಹರಟೆಮಲ್ಲಗಳ ಗೂಡಿನಲ್ಲಿ ಮೊಟ್ಟೆಯಿಡುವ ಈ ಕೋಗಿಲೆಯು ಚಳಿಗಾಲದಲ್ಲಿ ಸಾಮಾನ್ಯವಾಗಿ ಮೌನವಾಗಿರುವುದರಿಂದ ಮೋಸಹೋಗುವುದು ಸುಲಭ. ಬ್ರಿಟನ್ನಿನ ಕೋಗಿಲೆಯನ್ನು ಕುರಿತು 2008ರಲ್ಲಿ ನಡೆಸಿದ ಪ್ರಯೋಗದಲ್ಲಿ, ಅದರ ಎದೆಯ ಗೀರುಗಳನ್ನು ಕಂಡ ಚಿಕ್ಕ ಹಕ್ಕಿಗಳು ಗಿಡುಗವೆಂದೇ ಬೆದರಿದುವು. ಗೀರುಗಳನ್ನು ಮರೆಮಾಡಿದಾಗ ಅಷ್ಟು ಬೆದರಲಿಲ್ಲ. ಹರಟೆಮಲ್ಲಗಳ ಜತೆಗೆ ನಾವೂ ಸೇರಿದೆವು.

ಜೂನಿನಲ್ಲಿ ಬಾಗಿಲು ತೆರೆದಾಗ ಆ ಹುಡುಗಿ ಬರಲಿಲ್ಲ. ತಂದೆಗೆ ವರ್ಗವಾಗಿ, ರಜೆಯಲ್ಲಿಯೇ ವರ್ಗಾವಣೆ ಪತ್ರವನ್ನು ಪಡೆದು ಹೋಗಿದ್ದಳು. ಅವಳ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಈ ಸಂಚಿಕೆಯು ಅವಳ ಕೈಸೇರಿದರೆ ಅವಳಿಗೆ ತಿಳಿಯುವುದು. ಅವಳ ಪುಸ್ತಕದಲ್ಲಿ ಡಿಸೆಂಬರ್ ತಿಂಗಳ ಆ ಪುಟದ ಕೆಂಪು ಗೆರೆಯನ್ನು ಹೊಡೆದುಹಾಕಿ, ಹತ್ತಕ್ಕೆ ಹತ್ತು ಅಂಕಗಳೆಂದು ಬರೆದುಕೊಳ್ಳತಕ್ಕದ್ದು. ಮರವು ಇನ್ನೂ ಇದೆ, ಹಕ್ಕಿಯೂ ಬರುತ್ತದೆ. ಈಗ ನಾವು ಕೆಳಗಿಳಿದು ಬಂದು ನೋಡುತ್ತೇವೆ.