ಗದ್ದೆಯ ಕಪ್ಪೆಗೆ ಬೆಲೆ ಎಷ್ಟು?

ಮುಂಗಾರಿನ ಮೊದಲ ಜೋರು ಮಳೆ ಬಿದ್ದ ರಾತ್ರಿ ಗದ್ದೆ ಬಯಲಿನಿಂದೇಳುವ ವಟವಟ ಸದ್ದು ತಮಗೆಲ್ಲ ಪರಿಚಿತವೇ. ಅದರಲ್ಲಿ ಎಲ್ಲಕ್ಕಿಂತ ಗಡುಸಾದ ದನಿ ಗೋಂಕರು ಕಪ್ಪೆಯದು. ಈ ಕಾಲದಲ್ಲಿ ಗಂಡು ಹಳದಿ ಬಣ್ಣಕ್ಕೆ ತಿರುಗಿ, ಗಂಟಲಿನ ಇಕ್ಕೆಲದ ನೀಲಿ ಚೀಲಗಳನ್ನು ಉಬ್ಬಿಸಿ ಹೆಣ್ಣನ್ನು ಕರೆಯುತ್ತದೆ.

ನಮ್ಮ ಹಿರಿಯರು ಕಪ್ಪೆಯನ್ನು ಮಳೆಯ ಜೊತೆಗೇ ಎಣಿಸಿದರು. ಋಗ್ವೇದದಲ್ಲಿ ಕಪ್ಪೆಗಳ ಮೇಲೆಯೇ ಒಂದು ಸೂಕ್ತವಿದೆ. ಮಳೆ ತಡವಾದರೆ ಕಪ್ಪೆಗಳಿಗೆ ಮದುವೆ ಮಾಡಿಸುವ ಊರುಗಳು ಇಂದಿಗೂ ಇವೆ. ಶೃಂಗೇರಿಯಲ್ಲಿ ಪ್ರಸವವೇದನೆಯಲ್ಲಿದ್ದ ಕಪ್ಪೆಗೆ ಸರ್ಪವು ಹೆಡೆಯ ನೆರಳು ಕೊಟ್ಟಿತೆಂಬ ಐತಿಹ್ಯದ ಕುರುಹಾಗಿ ತುಂಗೆಯ ದಡದಲ್ಲಿ ಕಪ್ಪೆ ಶಂಕರನ ಗುಡಿಯಿದೆ. ಮದುವೆ ಮಾಡಿಸಿದರೆ ಮಳೆ ಬರುವುದಿಲ್ಲ. ಮಳೆ ಬಂದರೆ ಕಪ್ಪೆಗಳೇ ಜೋಡಿಯಾಗುತ್ತವೆ. ಆದರೂ ಕಪ್ಪೆಯನ್ನು ಕೊಲ್ಲಬಾರದೆಂಬ ಭಾವನೆ ಇಂಥ ನಂಬಿಕೆಗಳಿಂದ ಉಳಿದಿದ್ದರೆ ಅದು ಗದ್ದೆಗೆ ಲಾಭವೇ ಸರಿ.

ಹೊರದೇಶದಲ್ಲಿ ಮಾತ್ರ ಕಪ್ಪೆ ತಟ್ಟೆಯ ಪದಾರ್ಥ. ಫ್ರಾನ್ಸ್, ಬೆಲ್ಜಿಯಂ, ಅಮೆರಿಕಗಳಿಗೆ ನಮ್ಮ ದೇಶದಿಂದ ಹೆಪ್ಪುಗಟ್ಟಿಸಿದ ಕಪ್ಪೆಯ ಹಿಂಗಾಲುಗಳು ಹಡಗೇರುತ್ತಿದ್ದವು. 1981ರಲ್ಲಿ ಹೀಗೆ ಹೋದದ್ದು 4,000 ಟನ್ನಿಗೂ ಹೆಚ್ಚು. ಕಪ್ಪೆಯನ್ನು ತಕ್ಕಡಿಯಲ್ಲಿ ತೂಗುವುದು ಆಗದ ಕೆಲಸವೆನ್ನುತ್ತೇವೆ. ಕಾಲು ಕತ್ತರಿಸಿದ ಮೇಲೆ ತೂಗುವುದು ಸುಲಭವಾಗಿತ್ತು! ಒಂದು ಕಿಲೋಗೆ 20 ಜೊತೆ ಕಾಲುಗಳೆಂದು ಇಟ್ಟುಕೊಂಡರೂ ಆ ಒಂದೇ ವರ್ಷದ ಲೆಕ್ಕ 8 ಕೋಟಿ ಕಪ್ಪೆಗಳಾಗುತ್ತದೆ. ಅವೆಲ್ಲ ಯಾರೋ ಸಾಕಿದವಲ್ಲ. ಗದ್ದೆ, ಕೆರೆ, ಹಳ್ಳಗಳಲ್ಲಿ ದೀಪ ಹಿಡಿದು ರಾತ್ರಿ ಹಿಡಿದವು. ಕಪ್ಪೆ ಸುಲಭವಾಗಿ ಸಿಗುವುದು ಮಳೆಗಾಲದಲ್ಲಿ, ಅಂದರೆ ಮೊಟ್ಟೆಯಿಡುವ ಕಾಲದಲ್ಲಿ. ಬಿತ್ತನೆಗೆಂದು ಇಟ್ಟ ಕಾಳನ್ನೇ ಅಡುಗೆಗೆ ಬಳಸಿದಂತೆ ಇದು.

1985ರಲ್ಲಿ ಗೋಂಕರು ಕಪ್ಪೆಯನ್ನು ವನ್ಯಜೀವಿ ವ್ಯಾಪಾರದ ಅಂತರರಾಷ್ಟ್ರೀಯ ಒಪ್ಪಂದದ ಪಟ್ಟಿಗೆ ಸೇರಿಸಲಾಯಿತು. 1987ರಲ್ಲಿ ಭಾರತ ಸರ್ಕಾರ ಕಪ್ಪೆಗಾಲಿನ ರಫ್ತನ್ನೇ ನಿಷೇಧಿಸಿತು. ಆ ಮೇಲೆ ಇಂಡೊನೇಷ್ಯಾ ಮುಖ್ಯ ಮಾರಾಟಗಾರನಾಯಿತು. ಗೋವೆಯಲ್ಲಿ 'ಜಂಪಿಂಗ್ ಚಿಕನ್' ಎಂಬ ಹೆಸರಿನಲ್ಲಿ ಕದ್ದು ತಿನ್ನುವ ಚಟ ಇನ್ನೂ ಹೋಗಿಲ್ಲ. ಆದುದರಿಂದ ರಾತ್ರಿ ಟಾರ್ಚು, ಚೀಲ ಹಿಡಿದು ಅಪರಿಚಿತರು ಬದುವಿನ ಮೇಲೆ ಓಡಾಡಿದರೆ ವಿಚಾರಿಸಿ.

ಕಪ್ಪೆ ಗದ್ದೆಗೆ ಮಾಡುವುದೇನು? ಚಲಿಸುವ, ಬಾಯಿಗೆ ಹಿಡಿಸುವ ಯಾವುದನ್ನೂ ಅದು ಬಿಡುವುದಿಲ್ಲ. ಮಿಡತೆ, ಪತಂಗ, ಹುಳು, ಬದು ಕೊರೆಯುವ ಸಣ್ಣ ಏಡಿ ಎಲ್ಲವೂ ಅದಕ್ಕೆ ಆಹಾರ. ಬುಡದಲ್ಲಿ ಕೂತು ರಸ ಹೀರುವ ಜಿಗಿಹುಳುಗಳನ್ನು ಸಣ್ಣ ಕಪ್ಪೆಗಳು ಆರಿಸುತ್ತವೆ. ಗೋಂಕರು ಕಪ್ಪೆಯ ಗೊದಮೊಟ್ಟೆಗಳೂ ಮಾಂಸಾಹಾರಿಗಳೇ. ಸೊಳ್ಳೆಮರಿಗಳನ್ನೂ ಬೇರೆ ಗೊದಮೊಟ್ಟೆಗಳನ್ನೂ ತಿನ್ನುತ್ತವೆ. ಹಾಗೆಂದು ಕಪ್ಪೆಯೊಂದಿದ್ದರೆ ಸಾಕು, ಔಷಧ ಬೇಡವೆಂದು ಹೇಳುವುದು ಸರಿಯಲ್ಲ. ಕಾಂಡದೊಳಗೆ ಸೇರಿದ ಕೊರೆಹುಳು ಅದಕ್ಕೆ ಸಿಕ್ಕದು. ಮೊಟ್ಟೆಯಿಡಲು ಬಂದ ಪತಂಗ ಮಾತ್ರ ಸಿಕ್ಕೀತು. ರೈತನಿಗೆ ಉಪಕಾರಿಯಾದ ಜೇಡವನ್ನೂ ಕಪ್ಪೆ ನುಂಗುತ್ತದೆ. ಇಷ್ಟಾದರೂ ಕೂಲಿಯಿಲ್ಲದೆ ರಾತ್ರಿ ಪಾಳಿ ಮಾಡುವ ಬೇರೆ ಆಳು ನಿಮಗೆ ಸಿಗಲಾರದು.

ಕಪ್ಪೆ ಬಾಯಿಂದ ನೀರು ಕುಡಿಯುವುದಿಲ್ಲ, ಚರ್ಮದಿಂದ ಹೀರುತ್ತದೆ. ಗದ್ದೆಯ ನೀರಿಗೆ ಬಿದ್ದ ವಿಷವೂ ಅದೇ ದಾರಿಯಲ್ಲಿ ಒಳಹೋಗುತ್ತದೆ. ಅಕ್ಕಪಕ್ಕದವರು ಹೊಡೆದರೆಂದು ತಾವೂ ಹೊಡೆಯಬೇಡಿ. ಕೀಟವನ್ನು ಎಣಿಸಿ ನೋಡಿ, ಅಗತ್ಯವಿದ್ದಷ್ಟೇ ಬಳಸಿ. ಸಿಂಪರಣಾ ಯಂತ್ರವನ್ನು ಕೆರೆಯಲ್ಲಾಗಲಿ ಕಾಲುವೆಯಲ್ಲಾಗಲಿ ತೊಳೆಯಬೇಡಿ. ಬದುವಿನ ಹುಲ್ಲನ್ನು ಒಂದೇ ದಿನ ಪೂರ್ತಿ ಕೆತ್ತದೆ ಒಂದು ಬದಿ ಉಳಿಸಿ, ಹಗಲು ಅಡಗಲು ಕಪ್ಪೆಗೆ ತಂಪು ಬೇಕು.

ಇನ್ನೊಂದು ಮುಖ್ಯ ವಿಷಯ ನೀರು ಬಸಿಯುವುದು. ಮೊಟ್ಟೆಯೊಡೆದ ಗೊದಮೊಟ್ಟೆ ಕಾಲು ಮೂಡಿ ದಡ ಹತ್ತಲು ಸುಮಾರು ಒಂದರಿಂದ ಒಂದೂವರೆ ತಿಂಗಳು ಬೇಕು. ಮೇಲುಗೊಬ್ಬರಕ್ಕೆಂದು ಈ ನಡುವೆ ಗದ್ದೆ ಪೂರ್ತಿ ಒಣಗಿಸಿದರೆ ಅವೆಲ್ಲ ಕೆಸರಿನಲ್ಲೇ ಸಾಯುತ್ತವೆ. ನೀರು ಹೊರಹೋಗುವ ತಗ್ಗಿನ ಮೂಲೆಯಲ್ಲಿ ಮೊಣಕಾಲುದ್ದದ ಒಂದು ಸಣ್ಣ ಗುಂಡಿ ತೆಗೆದಿಡಿ. ಬಸಿಯುವಾಗ ಒಂದೇ ಸಲಕ್ಕೆ ಮಡೆ ಕಡಿಯದೆ ನಿಧಾನವಾಗಿ ಬಿಟ್ಟರೆ ಗೊದಮೊಟ್ಟೆಗಳು ನೀರಿನ ಜೊತೆಗೇ ಆ ಗುಂಡಿ ಸೇರುತ್ತವೆ. ನಾಟಿಗೆ ಮುಂಚೆಯೇ ಗುಂಡಿ ತೆಗೆಯುವುದು ಅನುಕೂಲ.