ಐಶ್ವರ್ಯಾ ಪಿಸ್ಸೆ: ರ‍್ಯಾಲಿ ಕ್ರೀಡೆಯ ಕನ್ನಡ ನಾಡಿನ ಹೆಸರು

1. ಊರು: ಬೆಂಗಳೂರು. ಜನನ: 1995. ವಾಹನ: ಬೈಕ್ (ಕಾರು ಅಲ್ಲ). ತಂಡ: ಟಿವಿಎಸ್ ರೇಸಿಂಗ್.

2. 2018: ಸ್ಪೇನಿನ ಬಾಜಾ ಅರಗಾನ್ ರ‍್ಯಾಲಿಯಲ್ಲಿ ಅಪಘಾತ, ಗಂಭೀರ ಗಾಯ.

3. 2019: ಎಫ್‌ಐಎಂ ಬಾಜಾಸ್ ವಿಶ್ವಕಪ್, ಮಹಿಳಾ ವಿಭಾಗದ ಚಾಂಪಿಯನ್. ಮೋಟಾರು ಕ್ರೀಡೆಯಲ್ಲಿ ವಿಶ್ವ ಪ್ರಶಸ್ತಿ ಗೆದ್ದ ಮೊದಲ ಭಾರತೀಯರು. ದುಬೈ ಸುತ್ತಿನಲ್ಲಿ ಗೆಲುವು, ಅಂತಿಮ ಸುತ್ತು ಹಂಗೇರಿಯಲ್ಲಿ. ಒಟ್ಟು 65 ಅಂಕ. 2ನೇ ಸ್ಥಾನದ ಪೋರ್ಚುಗಲ್‌ನ ರೀಟಾ ವಿಯೇರಾ 61. ಕಿರಿಯರ ವಿಭಾಗದಲ್ಲಿ ಐಶ್ವರ್ಯಾಗೆ 2ನೇ ಸ್ಥಾನ. ಹಿಂದಿನ ವರ್ಷದ ಗಾಯದ ನಂತರದ ಈ ಸಾಧನೆ ನಿಜಕ್ಕೂ ದೊಡ್ಡದು.

ಗೊಂದಲ ಬೇಡ:
• ಎಫ್‌ಐಎಂ: ಬೈಕ್, ಎಫ್‌ಐಎ: ಕಾರು.
• ಅರ್ಜುನ ಪ್ರಶಸ್ತಿ ಪಡೆದ ಮೊದಲ ಮೋಟಾರು ಕ್ರೀಡಾಪಟು (2019): ಕಾರು ರ‍್ಯಾಲಿ ಚಾಲಕ ಗೌರವ್ ಗಿಲ್.
• ಡಕಾರ್ ರ‍್ಯಾಲಿ ಪೂರೈಸಿದ ಮೊದಲ ಭಾರತೀಯ (2015, 36ನೇ ಸ್ಥಾನ): ಸಿ.ಎಸ್. ಸಂತೋಷ್, ಇವರೂ ಬೆಂಗಳೂರಿನವರೇ.