ಆಟವನ್ನು ಹಿಡಿದಿಡುವುದು: ಒಂಬತ್ತು ಪಾಠಗಳು

2022ರ ಮಳೆಗಾಲ. ಅಣ್ಣ ಕೆಲಸಕ್ಕೆಂದು ಜರ್ಮನಿಗೆ ಹೊರಡಲು ಒಂದು ವಾರವಿತ್ತು. ಅವನು ಬೆಂಗಳೂರಿನ ಕೋಣೆಯಲ್ಲಿ, ನಾನು ಶಿವಮೊಗ್ಗದ ಮನೆಯಲ್ಲಿ ಕೂತು ‘ಏಜ್ ಆಫ್ ಎಂಪೈರ್ಸ್ 2’ ಆಡಿದೆವು. ಆ ವರ್ಷವಷ್ಟೇ ಆಟಕ್ಕೆ ಸೇರಿದ್ದ ದ್ರಾವಿಡರ ಪಡೆ ಅವನದು. ಉರುಮಿ ಕತ್ತಿ ಬೀಸುವ ಅವನ ಸೈನಿಕರು ನನ್ನ ಕೋಟೆಗೆ ಮುತ್ತಿಗೆ ಹಾಕಿದ್ದರು. ಡಿಸ್ಕಾರ್ಡ್‌ನಲ್ಲಿ ನಮ್ಮಿಬ್ಬರ ಕೂಗಾಟ, ನಗು. ಒಂದೂವರೆ ಗಂಟೆಯ ಆಟ ಮುಗಿಯುತ್ತ ಬಂದಾಗ ನಮ್ಮ ಬೀದಿಯ ಕರೆಂಟು ಹೋಯಿತು. ರಾತ್ರಿ ಕರೆಂಟು ಬಂದ ಮೇಲೆ ನೋಡಿದರೆ ರೆಕಾರ್ಡ್ ಮಾಡಿದ್ದ ಫೈಲ್ ಡಿಸ್ಕಿನಲ್ಲಿತ್ತು, ಗಾತ್ರವೂ ಸರಿಯಾಗಿತ್ತು. ಆದರೆ ತೆರೆಯಲಿಲ್ಲ.

ಆ ರಾತ್ರಿಯಿಂದ ಇಂದಿನವರೆಗೆ ಕಲಿತದ್ದನ್ನು ಇಲ್ಲಿ ಬರೆದಿದ್ದೇನೆ. ನಾನು ಬಳಸುವುದು ಒಬಿಎಸ್ ಸ್ಟುಡಿಯೊ. ಅದು ಉಚಿತ, ಮುಕ್ತ ತಂತ್ರಾಂಶ. ವಿಂಡೋಸ್, ಮ್ಯಾಕ್, ಲಿನಕ್ಸ್ ಮೂರರಲ್ಲೂ ನಡೆಯುತ್ತದೆ. ಬೇರೆ ತಂತ್ರಾಂಶ ಬಳಸುವವರಿಗೂ ಈ ಪಾಠಗಳಲ್ಲಿ ಹೆಚ್ಚಿನವು ಹೊಂದುತ್ತವೆ.

1. ಆಟ ಬರೆದಿಡುವ ರೀಪ್ಲೇ ವಿಡಿಯೊ ಅಲ್ಲ

ಇಂಥ ಆಟಗಳು ಪ್ರತಿ ಪಂದ್ಯದ ರೀಪ್ಲೇ ಫೈಲನ್ನು ತಾವೇ ಉಳಿಸುತ್ತವೆ. ಅದರಲ್ಲಿ ಚಿತ್ರಗಳಿರುವುದಿಲ್ಲ. ಯಾವ ಕ್ಷಣದಲ್ಲಿ ಯಾರು ಯಾವ ಆಜ್ಞೆ ಕೊಟ್ಟರು ಎಂಬ ಪಟ್ಟಿ ಮಾತ್ರ ಇರುತ್ತದೆ. ಆಟದ ಎಂಜಿನ್ ಆ ಪಟ್ಟಿಯನ್ನು ಓದಿ ಪಂದ್ಯವನ್ನು ಮತ್ತೆ ಆಡಿಸುತ್ತದೆ. ಫೈಲ್ ತೀರ ಚಿಕ್ಕದಾಗಿರುವುದು ಅದಕ್ಕೇ. ಅಣ್ಣನ ಕಂಪ್ಯೂಟರಿನಲ್ಲಿ ಉಳಿದಿದ್ದ ರೀಪ್ಲೇಯನ್ನು ತರಿಸಿ ನೋಡಿದೆ. ಒಬ್ಬೊಬ್ಬ ಸೈನಿಕನೂ ಇದ್ದ ಜಾಗದಲ್ಲೇ ಇದ್ದ, ನಮ್ಮ ಮಾತು ಮಾತ್ರ ಇರಲಿಲ್ಲ. ಆಟ ಅಪ್‌ಡೇಟ್ ಆದ ಮೇಲೆ ಆ ರೀಪ್ಲೇ ಕೂಡ ತೆರೆಯದಾಯಿತು, ಏಕೆಂದರೆ ಹಳೆಯ ಆಜ್ಞೆಗಳ ಪಟ್ಟಿಗೆ ಹಳೆಯ ಎಂಜಿನ್ನೇ ಬೇಕು. ಉಳಿಯಬೇಕಾದದ್ದನ್ನು ವಿಡಿಯೊ ಮಾಡಿಯೇ ಇಡಬೇಕು.

2. ಎಂಕೆವಿಯಲ್ಲಿ ರೆಕಾರ್ಡ್ ಮಾಡಿ, ಆಮೇಲೆ ಎಂಪಿ4 ಮಾಡಿಕೊಳ್ಳಿ

ನನ್ನ ಫೈಲ್ ಹಾಳಾದದ್ದು ಇಲ್ಲಿ. ಮಾಮೂಲಿ ಎಂಪಿ4 ತನ್ನ ವಿಷಯಸೂಚಿಯನ್ನು ರೆಕಾರ್ಡಿಂಗ್ ನಿಲ್ಲಿಸಿದಾಗ ಕೊನೆಯಲ್ಲಿ ಬರೆಯುತ್ತದೆ. ಅಷ್ಟರೊಳಗೆ ಕರೆಂಟು ಹೋದರೆ ಪುಟಗಳೆಲ್ಲ ಇದ್ದರೂ ಯಾವ ಪುಟದಲ್ಲಿ ಏನಿದೆ ಎಂದು ಪ್ಲೇಯರಿಗೆ ತಿಳಿಯುವುದಿಲ್ಲ. ಎಂಕೆವಿ ಹಾಗಲ್ಲ, ಕಂಪ್ಯೂಟರ್ ನಿಂತ ಘಳಿಗೆಯವರೆಗಿನದು ಬಹುಪಾಲು ಉಳಿಯುತ್ತದೆ. ಎಡಿಟಿಂಗಿಗೆ ಎಂಪಿ4 ಬೇಕೆಂದರೆ ಒಬಿಎಸ್‌ನ ಫೈಲ್ ಮೆನುವಿನಲ್ಲಿ ‘ರೀಮಕ್ಸ್’ ಇದೆ. ಅದು ಚಿತ್ರವನ್ನು ಮುಟ್ಟುವುದಿಲ್ಲ, ಹೊದಿಕೆಯನ್ನಷ್ಟೇ ಬದಲಿಸುತ್ತದೆ. ಹಾಗಾಗಿ ಬೇಗ ಮುಗಿಯುತ್ತದೆ, ಗುಣಮಟ್ಟವೂ ಕುಂದುವುದಿಲ್ಲ. ಈಚಿನ ಆವೃತ್ತಿಗಳಲ್ಲಿ ಇದೇ ರಕ್ಷಣೆ ಕೊಡುವ ‘ಹೈಬ್ರಿಡ್ ಎಂಪಿ4’ ಕೂಡ ಬಂದಿದೆ. ಮಲೆನಾಡಿನ ಮಳೆಗಾಲದಲ್ಲಿ ಆಡುವವರು ಇವುಗಳ ಜೊತೆಗೆ ಒಂದು ಯುಪಿಎಸ್ ಕೂಡ ಇಟ್ಟುಕೊಳ್ಳಿ.

3. ಇಡೀ ಪರದೆಯನ್ನು ಹಿಡಿಯಬೇಡಿ, ಆಟವನ್ನು ಹಿಡಿಯಿರಿ

ವಿಂಡೋಸ್‌ನಲ್ಲಿ ಒಬಿಎಸ್ ಮೂರು ದಾರಿ ಕೊಡುತ್ತದೆ: ಇಡೀ ಪರದೆ, ಒಂದು ವಿಂಡೊ, ಅಥವಾ ಆಟ ಮಾತ್ರ. ಇಡೀ ಪರದೆಯನ್ನು ಹಿಡಿದರೆ ಬ್ಯಾಂಕಿನ ಸಂದೇಶ, ಓಟಿಪಿ, ಮನೆಯವರ ವಾಟ್ಸ್‌ಆ್ಯಪ್ ಎಲ್ಲವೂ ವಿಡಿಯೊಗೆ ಬಂದುಬಿಡುತ್ತವೆ. ‘ಗೇಮ್ ಕ್ಯಾಪ್ಚರ್’ ಆಟದ ಚಿತ್ರವನ್ನಷ್ಟೇ ತೆಗೆದುಕೊಳ್ಳುತ್ತದೆ, ಕಂಪ್ಯೂಟರಿನ ಮೇಲೆ ಹೊರೆಯೂ ಕಡಿಮೆ. ಲ್ಯಾಪ್‌ಟಾಪಿನಲ್ಲಿ ಬರೀ ಕಪ್ಪು ಚಿತ್ರ ಬಂದರೆ ಆಟ ಒಂದು ಗ್ರಾಫಿಕ್ಸ್ ಚಿಪ್ಪಿನಲ್ಲಿ, ಒಬಿಎಸ್ ಇನ್ನೊಂದರಲ್ಲಿ ನಡೆಯುತ್ತಿರಬಹುದು. ವಿಂಡೋಸ್‌ನ ಗ್ರಾಫಿಕ್ಸ್ ಸೆಟ್ಟಿಂಗ್ಸ್‌ಗೆ ಹೋಗಿ ಎರಡಕ್ಕೂ ಒಂದೇ ಚಿಪ್ಪನ್ನು ಗೊತ್ತುಮಾಡಿ.

4. ಕುಗ್ಗಿಸುವ ಕೆಲಸವನ್ನು ಗ್ರಾಫಿಕ್ಸ್ ಕಾರ್ಡಿಗೆ ಬಿಡಿ

1920 × 1080 ಪರದೆಯಲ್ಲಿ ಇಪ್ಪತ್ತು ಲಕ್ಷಕ್ಕೂ ಹೆಚ್ಚು ಚುಕ್ಕೆಗಳಿವೆ. ಒಂದೊಂದಕ್ಕೆ 3 ಬೈಟ್, ಸೆಕೆಂಡಿಗೆ 60 ಫ್ರೇಮ್ ಎಂದು ಲೆಕ್ಕ ಹಾಕಿದರೆ ಸೆಕೆಂಡಿಗೆ ಸುಮಾರು 373 ಎಂಬಿ ಆಗುತ್ತದೆ. ಇದನ್ನು ಆಗಿಂದಾಗಲೇ ಕುಗ್ಗಿಸದೆ ಬೇರೆ ದಾರಿಯಿಲ್ಲ. ಪ್ರೊಸೆಸರಿನಿಂದಲೇ ಆ ಕೆಲಸ ಮಾಡಿಸಿದರೆ (ಎಕ್ಸ್264) ಆಟಕ್ಕೆ ಬೇಕಾದ ಶಕ್ತಿ ಅಲ್ಲಿ ಖರ್ಚಾಗುತ್ತದೆ. ಎನ್‌ವಿಡಿಯಾ ಕಾರ್ಡುಗಳ ಎನ್‌ವೆಂಕ್, ಇಂಟೆಲ್‌ನ ಕ್ವಿಕ್ ಸಿಂಕ್ ಇದಕ್ಕೆಂದೇ ಚಿಪ್ಪಿನೊಳಗೆ ಕೂರಿಸಿದ ಪ್ರತ್ಯೇಕ ಭಾಗಗಳು. ಎಎಂಡಿ ಕಾರ್ಡುಗಳಲ್ಲೂ ಅಂಥದೊಂದು ಇದೆ. ಒಂದೇ ಕಂಪ್ಯೂಟರಿನಲ್ಲಿ ಆಡಿ, ಅದರಲ್ಲೇ ರೆಕಾರ್ಡ್ ಮಾಡುವ ನಮ್ಮಂಥವರು ಮೊದಲು ಇವನ್ನೇ ಆರಿಸಬೇಕು.

5. ಬಿಟ್‌ರೇಟನ್ನು ಆಟ ನೋಡಿ ಗೊತ್ತುಮಾಡಿ

ಸೆಕೆಂಡಿಗೆ 20 ಮೆಗಾಬಿಟ್ ಎಂದರೆ ಗಂಟೆಗೆ 9 ಜಿಬಿ, 40 ಎಂದರೆ 18 ಜಿಬಿ. ಡಿಸ್ಕಿನಲ್ಲಿ ಜಾಗವಿದೆಯೇ ಎಂದು ಈ ಲೆಕ್ಕ ಹಾಕಿಯೇ ಕೂರಬೇಕು. ಆದರೆ ಎಲ್ಲ ದೃಶ್ಯಕ್ಕೂ ಒಂದೇ ಅಳತೆ ಸಲ್ಲದು. ನಮ್ಮ ಆಟದಲ್ಲಿ ನಕ್ಷೆಯನ್ನು ಸರ್ರನೆ ಸರಿಸಿದಾಗ ಮರ, ನೀರು, ನೂರಾರು ಸೈನಿಕರು ಒಟ್ಟಿಗೆ ಬದಲಾಗುತ್ತಾರೆ. ಬಿಟ್‌ರೇಟ್ ಕಡಿಮೆಯಿದ್ದರೆ ಕಾಡೆಲ್ಲ ಹಸಿರು ಕೆಸರಿನಂತೆ ಕಾಣುತ್ತದೆ. ಅದಕ್ಕೇ ರೆಕಾರ್ಡಿಂಗಿಗೆ ನಾನು ‘ಸಿಕ್ಯೂಪಿ’ ಬಳಸುತ್ತೇನೆ. ಬಿಟ್‌ರೇಟಿನ ಬದಲು ಗುಣಮಟ್ಟವನ್ನು ಹೇಳುತ್ತೇವೆ. ಕಷ್ಟದ ದೃಶ್ಯಕ್ಕೆ ಹೆಚ್ಚು, ಸುಮ್ಮನಿರುವ ದೃಶ್ಯಕ್ಕೆ ಕಡಿಮೆ ಜಾಗವನ್ನು ಅದೇ ಕೊಡುತ್ತದೆ. ಸಂಖ್ಯೆ ಇಳಿದಷ್ಟೂ ಚಿತ್ರ ಚೆನ್ನ, ಫೈಲ್ ದೊಡ್ಡದು. 20ರಿಂದ ಶುರುಮಾಡಿ ನೋಡಿ.

6. ಆಟದ ಓಟಕ್ಕೆ ಲಗಾಮು ಹಾಕಿ

ಆಡುವಾಗ ನುಣ್ಣಗಿದ್ದದ್ದು ವಿಡಿಯೊದಲ್ಲಿ ತೊಡರುವುದುಂಟು. ಆಟಕ್ಕೆ ಮಿತಿ ಹಾಕದಿದ್ದರೆ ಅದು ಗ್ರಾಫಿಕ್ಸ್ ಕಾರ್ಡನ್ನು ಪೂರ್ತಿ ಬಳಸಿಕೊಳ್ಳುತ್ತದೆ. ಆಗ ತನ್ನ ಚಿತ್ರವನ್ನು ಜೋಡಿಸಿಕೊಳ್ಳಲು ಒಬಿಎಸ್‌ಗೆ ಎಡೆ ಸಿಗುವುದಿಲ್ಲ. ವಿಡಿಯೊ 60 ಫ್ರೇಮಿನದಾದರೆ ಆಟವನ್ನೂ 60ಕ್ಕೆ ಕಟ್ಟಿಹಾಕಿ. ಒಬಿಎಸ್‌ನ ‘ಸ್ಟ್ಯಾಟ್ಸ್’ ಕಿಟಕಿ ಕಾಯಿಲೆ ಎಲ್ಲಿದೆ ಎಂದು ಹೇಳುತ್ತದೆ. ರೆಂಡರಿಂಗ್ ಸಾಲಿನಲ್ಲಿ ಫ್ರೇಮ್ ತಪ್ಪುತ್ತಿದ್ದರೆ ಆಟದ ಗ್ರಾಫಿಕ್ಸ್ ಇಳಿಸಬೇಕು, ಎನ್‌ಕೋಡಿಂಗ್ ಸಾಲಿನಲ್ಲಿ ತಪ್ಪುತ್ತಿದ್ದರೆ ಚಿತ್ರ ಕುಗ್ಗಿಸುವ ಎನ್‌ಕೋಡರಿನ ಹೊರೆ ಇಳಿಸಬೇಕು. ಈ ವ್ಯತ್ಯಾಸ ತಿಳಿಯದೆ ನಾನು ವಾರಗಟ್ಟಲೆ ಸಲ್ಲದ ಗುಂಡಿಗಳನ್ನೇ ತಿರುಗಿಸುತ್ತಿದ್ದೆ.

7. ಒಂದೊಂದು ದನಿಗೆ ಒಂದೊಂದು ಟ್ರ್ಯಾಕ್

ಇದು ನನಗೆ ಎಲ್ಲಕ್ಕಿಂತ ಮುಖ್ಯವಾದ ಪಾಠ. ಒಬಿಎಸ್‌ನಲ್ಲಿ ಆರು ಆಡಿಯೊ ಟ್ರ್ಯಾಕ್‌ಗಳಿವೆ. ಆಟದ ಸದ್ದು, ನನ್ನ ಮೈಕ್, ಡಿಸ್ಕಾರ್ಡ್‌ನಲ್ಲಿ ಬರುವ ಗೆಳೆಯರ ದನಿ ಎಲ್ಲವನ್ನೂ ಒಂದರಲ್ಲೇ ಬೆರೆಸಿದರೆ, ಕತ್ತಿಯ ಖಣಖಣದಡಿ ಮುಚ್ಚಿಹೋದ ಮಾತನ್ನು ಆಮೇಲೆ ಮೇಲೆತ್ತಲಾಗದು. ವಿಂಡೋಸ್‌ನಲ್ಲಿ ಒಂದೊಂದು ಅಪ್ಲಿಕೇಶನ್ನಿನ ಸದ್ದನ್ನೂ ಬೇರೆಯಾಗಿ ಹಿಡಿಯಬಹುದು. ಮೊದಲ ಟ್ರ್ಯಾಕಿನಲ್ಲಿ ಎಲ್ಲವೂ ಸೇರಿರಲಿ, ಏಕೆಂದರೆ ಮಾಮೂಲಿ ಪ್ಲೇಯರುಗಳು ಒಮ್ಮೆಗೆ ಒಂದು ಟ್ರ್ಯಾಕನ್ನಷ್ಟೇ ಕೇಳಿಸುತ್ತವೆ. ಎರಡರಲ್ಲಿ ಆಟ, ಮೂರರಲ್ಲಿ ನಾನು, ನಾಲ್ಕರಲ್ಲಿ ಅಣ್ಣ. ಒಮ್ಮೆ ಹೊಂದಿಸಲು ಹತ್ತು ನಿಮಿಷ ಸಾಕು. ಮಾತು ರೆಕಾರ್ಡ್ ಆಗುತ್ತಿದೆ ಎಂದು ಜೊತೆಯವರಿಗೆ ಶುರುವಿನಲ್ಲೇ ಹೇಳಿ. ಅವರು ಬೇಡವೆಂದರೆ ಅವರ ಟ್ರ್ಯಾಕನ್ನು ಹಿಡಿಯಬೇಡಿ.

8. ನೀವು ಆಡುವ ಮನೆಯಲ್ಲೇ, ಆಡುವ ಹೊತ್ತಿನಲ್ಲೇ ಪರೀಕ್ಷೆ ಮಾಡಿ

ಮೈಕ್ ಬಾಯಿಂದ ಒಂದು ಗೇಣು ದೂರವಿರಲಿ. ಜೋರಾಗಿ ಕೂಗಿದಾಗಲೂ ದನಿಯ ಮಟ್ಟ ಕೆಂಪಿನ ತುದಿ ಮುಟ್ಟಬಾರದು. ಮುಟ್ಟಿ ಒಡೆದ ದನಿ ಮತ್ತೆ ಕೂಡುವುದಿಲ್ಲ. ಫ್ಯಾನಿನಂಥ ಒಂದೇ ಸಮನೆ ಬರುವ ಸದ್ದನ್ನು ಒಬಿಎಸ್‌ನ ನಾಯ್ಸ್ ಸಪ್ರೆಶನ್ ಚೆನ್ನಾಗಿ ತಗ್ಗಿಸುತ್ತದೆ. ಕುಕ್ಕರಿನ ಸೀಟಿ, ಬೀದಿಯ ಹಾರ್ನ್ ಅದಕ್ಕೆ ಅಷ್ಟು ಸುಲಭವಾಗಿ ಬಗ್ಗುವುದಿಲ್ಲ. ಪ್ರತಿ ಸಲ ಆಟಕ್ಕೆ ಮೊದಲು ಎರಡು ನಿಮಿಷ ರೆಕಾರ್ಡ್ ಮಾಡಿ. ಮೆನು ಪರದೆ ಸಾಲದು, ನಿಜವಾಗಿ ಆಡುತ್ತ, ಮಾತಾಡುತ್ತ ಮಾಡಬೇಕು. ಆಮೇಲೆ ಹೆಡ್‌ಫೋನ್ ಹಾಕಿ ಪೂರ್ತಿ ಕೇಳಿ. ಒಂದೊಂದು ಟ್ರ್ಯಾಕನ್ನೂ ಬೇರೆ ಬೇರೆಯಾಗಿ ಕೇಳಿ. ಮೈಕ್ ಮ್ಯೂಟ್ ಆಗಿತ್ತು ಎಂದು ಗೊತ್ತಾಗಬೇಕಾದದ್ದು ಆಟಕ್ಕೆ ಮೊದಲು.

9. ಹೆಸರಿಡಿ, ಪ್ರತಿ ಇಡಿ

ದಿನಾಂಕ, ಆಟ, ಜೊತೆಗಿದ್ದವರು, ಈ ಮೂರೂ ಫೈಲಿನ ಹೆಸರಿನಲ್ಲಿರಲಿ. ಒಂದು ಪ್ರತಿ ಬೇರೆ ಡಿಸ್ಕಿನಲ್ಲಿರಲಿ. ಆ ಡಿಸ್ಕು ಹಳೆಯ ಎಫ್‌ಎಟಿ32 ವಿಧಾನದ್ದಾದರೆ 4 ಜಿಬಿಗಿಂತ ದೊಡ್ಡ ಫೈಲನ್ನು ಹಿಡಿಸಿಕೊಳ್ಳದು. ಎಕ್ಸ್‌ಫ್ಯಾಟ್‌ಗೆ ಫಾರ್ಮ್ಯಾಟ್ ಮಾಡಿಕೊಳ್ಳಿ, ಅದರಲ್ಲಿರುವುದನ್ನು ಮೊದಲು ಬೇರೆಡೆ ತೆಗೆದಿಟ್ಟು.

ನಾನೂ ಅಣ್ಣನೂ ಈಗ ಭಾನುವಾರ ಆಡುತ್ತೇವೆ. ಇಲ್ಲಿ ಸಂಜೆ, ಅವನಿಗೆ ಮಧ್ಯಾಹ್ನ. ಅಮ್ಮನಿಗೆ ಆಟದಲ್ಲಿ ಆಸಕ್ತಿಯಿಲ್ಲ, ಆ ಕತ್ತಿ ಕುದುರೆಗಳ ಗದ್ದಲವೂ ಆಗದು. ಹೋದ ದೀಪಾವಳಿಗೆ ಅಣ್ಣ ಬರಲಾಗಲಿಲ್ಲ. ‘ನೀವಿಬ್ರೂ ಆಡೋವಾಗ ನಗ್ತಿರ್ತೀರಲ್ಲ, ಅದನ್ನ ಹಾಕೋ’ ಎಂದರು ಅಮ್ಮ. ನಾನು ಎಡಿಟಿಂಗ್ ತಂತ್ರಾಂಶದಲ್ಲಿ ಮೊದಲೆರಡು ಟ್ರ್ಯಾಕ್‌ಗಳನ್ನು ನಿಲ್ಲಿಸಿ ಮೂರು, ನಾಲ್ಕನ್ನು ಹಾಕಿದೆ. ಪರದೆಯ ಮೇಲೆ ಉರುಮಿಗಳು ಸದ್ದಿಲ್ಲದೆ ಬೀಸುತ್ತಿದ್ದವು. ಅಮ್ಮ ಹೂ ಕಟ್ಟುತ್ತ ಅಣ್ಣನ ದನಿ ಕೇಳುತ್ತ ಕೂತರು. 2022ರ ಆ ಸಂಜೆಯನ್ನು ಅವರಿಗೆ ಹೀಗೆ ಕೇಳಿಸಲು ನನ್ನಿಂದಾಗದು. ಅದರ ನಂತರದ ಪ್ರತಿಯೊಂದು ಭಾನುವಾರವೂ ಉಳಿದಿದೆ.